ಹನ್ನೊಂದನೇ ಊರಿನ ಬೀಜ

ಕಳೆದ ತಿಂಗಳು ನಮ್ಮ ಶಾಲೆಯಲ್ಲಿ ಭೂಗೋಳದ ಮೇಡಂ ಅವರಿಗೆ ಸಂತಾಪ ಸಭೆ ನಡೆಯಿತು. ಹತ್ತೂವರೆಗೆ ಎಂದು ಹೇಳಿ ಹನ್ನೊಂದೂ ಕಾಲಿಗೆ ಶುರು ಮಾಡಿದರು. ಬೇರೆ ಯಾರದೋ ಸಭೆಗೆ ಮೇಡಂ ಬಂದಿದ್ದರೆ ಹತ್ತು ಮೂವತ್ತೊಂದಕ್ಕೆ ಕೊಡೆ ಬಿಚ್ಚಿಕೊಂಡು ಹೊರಟುಬಿಡುತ್ತಿದ್ದರು. ಮಾತಾಡಿದವರೆಲ್ಲ ದಕ್ಷ ಶಿಕ್ಷಕಿ, ಕರ್ತವ್ಯನಿಷ್ಠೆ, ತುಂಬಲಾರದ ನಷ್ಟ ಎಂದರು. ಯಾವುದೂ ಸುಳ್ಳಲ್ಲ. ಆದರೆ ಅವರು ಹನ್ನೊಂದು ಊರು ಕಟ್ಟಿ ಆಳಿದವರು ಎಂದು ಯಾರೂ ಹೇಳಲಿಲ್ಲ. ಹೇಳಬೇಕಾಗಿದ್ದವನು ನಾನು. ನನ್ನ ಸರದಿ ಬರುವಷ್ಟರಲ್ಲಿ ಊಟದ ಗಂಟೆ ಹೊಡೆಯಿತು. ಗಂಟೆ ಹೊಡೆದ ಮೇಲೆ ಮಾತಾಡುವ ಅಭ್ಯಾಸ ನನಗಿಲ್ಲ. ಆದ್ದರಿಂದ ಇಲ್ಲಿ ಬರೆಯುತ್ತಿದ್ದೇನೆ.

ನಾನು ಅದೇ ಶಾಲೆಯ ಡ್ರಿಲ್ ಮೇಷ್ಟ್ರು. ಇಪ್ಪತ್ತೆಂಟು ವರ್ಷ ನಾವಿಬ್ಬರೂ ಒಂದೇ ಹಾಜರಿ ಪುಸ್ತಕಕ್ಕೆ ಸಹಿ ಹಾಕಿದ್ದೇವೆ. ಸಹಿಯ ಪಕ್ಕದಲ್ಲಿ ಬಂದ ಹೊತ್ತನ್ನು ನಾನು ಇಂಗ್ಲಿಷ್ ಅಂಕಿಯಲ್ಲಿ ಬರೆಯುತ್ತಿದ್ದೆ, ಅವರು ಕನ್ನಡ ಅಂಕಿಯಲ್ಲಿ. ಬರೀ ಹಾಜರಿಯಲ್ಲ, ಅಂಕಪಟ್ಟಿ, ರಜೆ ಅರ್ಜಿ, ಮಳೆ ಅಳೆದು ಬರೆಯುವ ಪುಸ್ತಕ, ಕೊನೆಗೆ ಸೀಮೆಸುಣ್ಣದ ಡಬ್ಬಿಯ ಮೇಲಿನ ಲೆಕ್ಕವೂ ಕನ್ನಡ ಅಂಕಿಯಲ್ಲೇ. ಕಚೇರಿಯ ಗುಮಾಸ್ತರು ಗೊಣಗುತ್ತಾ ಅದನ್ನೆಲ್ಲ ಇಂಗ್ಲಿಷಿಗೆ ತಿದ್ದಿ ಮೇಲಕ್ಕೆ ಕಳಿಸುತ್ತಿದ್ದರು.

“ನಿಮ್ಮ ಇಂಗ್ಲಿಷ್ ಒಂದು, ಗೂಟ ಹುಗಿದ ಹಾಗಿರುತ್ತೆ ಮೇಷ್ಟ್ರೇ,” ಎಂದು ಮೇಡಂ ನನ್ನನ್ನು ಕೆಣಕುತ್ತಿದ್ದರು. “ನಮ್ಮದು ನೋಡಿ, ಗುಂಡಗೆ, ಬಾಯಿ ಬಿಟ್ಕೊಂಡು ನಗ್ತಾ ಉಂಟು.”

ಕುಳ್ಳಗಿನ ಹೆಂಗಸು. ಬಿಸಿಲಿರಲಿ ಮಳೆಯಿರಲಿ ಕೈಯಲ್ಲೊಂದು ಕೊಡೆ. ಬಲ ತೋಳಿನ ಮೇಲೆ ಸೀಮೆಸುಣ್ಣದ ಪುಡಿ. ಕಪ್ಪು ಹಲಗೆಯ ಮೇಲೆ ನಮ್ಮ ತಾಲ್ಲೂಕಿನ ನಕ್ಷೆಯನ್ನು ಪುಸ್ತಕ ನೋಡದೆ ಬರೆಯುತ್ತಿದ್ದರು. ಮೊದಲು ನದಿ, ಆಮೇಲೆ ಗುಡ್ಡ, ಕೊನೆಗೆ ಊರು. “ನದಿ ಎಲ್ಲಿ ತಿರುಗುತ್ತೆ ಅಂತ ಗೊತ್ತಾದ್ರೆ ಊರು ಎಲ್ಲಿ ಕೂರುತ್ತೆ ಅಂತ ಕೇಳೂದೇ ಬೇಡ,” ಎನ್ನುತ್ತಿದ್ದರು. ಪ್ರತಿ ಶನಿವಾರ ಮಕ್ಕಳೂ ಅದೇ ನಕ್ಷೆಯನ್ನು ಸ್ಲೇಟಿನ ಮೇಲೆ ಬರೆಯಬೇಕು. ಯಾವ ಮಗುವಾದರೂ ಬಹಳ ಚೆನ್ನಾಗಿ ಬರೆದು, ಹೊಗಳಿಸಿಕೊಳ್ಳಲು ಓಡಿ ಬಂದರೆ ಮೇಡಂ ಕನ್ನಡಕದ ಮೇಲಿಂದ ನೋಡಿ, ಅಂಗೈಯನ್ನು ಗಾಳಿಯಲ್ಲಿ ಒಂದು ಸಲ ಅಡ್ಡಕ್ಕೆ ಒರೆಸಿ, ಒಂದೇ ಮಾತು ಹೇಳುವರು:

“ಅಳ್ಸಿ.”

ಮಕ್ಕಳ ಮುಖ ಬಾಡುತ್ತಿತ್ತು. ಅದಕ್ಕೂ ಅವರ ಬಳಿ ಉತ್ತರವಿತ್ತು. “ಒಂದು ಸಲ ಬಂದದ್ದು ಅದೃಷ್ಟ ಪುಟ್ಟಾ. ಅಳಿಸಿದ ಮೇಲೂ ಬಂತು ಅಂದ್ರೆ ಅದು ನಿಂದು.”

ಇನ್ನು ನನ್ನ ವಿಷಯ. ನನ್ನದು ಹಿತ್ತಾಳೆ ಸೀಟಿ. ತರಬೇತಿ ಮುಗಿದ ದಿನ ನನ್ನ ಗುರುಗಳು ತಮ್ಮ ಕೊರಳಿಂದ ತೆಗೆದು ನನ್ನ ಕೊರಳಿಗೆ ಹಾಕಿದ್ದು. ನಮ್ಮ ಮೈದಾನದ ನಿಯಮ ಸರಳ: ಮೊದಲ ಸೀಟಿಗೆ ಯಾರು ಎಲ್ಲಿದ್ದಾರೋ ಅಲ್ಲೇ ಸಾವಧಾನ್‌ನಲ್ಲಿ ನಿಲ್ಲಬೇಕು, ಎರಡನೇ ಸೀಟಿಗೆ ಕದಲಬಹುದು. ಆ ಎರಡರ ನಡುವೆ ಹೆಡ್‌ಮಾಸ್ಟರರೂ ನಿಲ್ಲುತ್ತಿದ್ದರು. ಅಡುಗೆಯಾಕೆ ಸೊಂಟದ ಮೇಲೆ ಕೊಡ ಇಟ್ಟುಕೊಂಡೇ ನಿಲ್ಲುತ್ತಿದ್ದಳು. ತಪಾಸಣೆಗೆ ಬಂದ ಅಧಿಕಾರಿಯೊಬ್ಬರು ಒಮ್ಮೆ ಒಂದು ಕಾಲನ್ನು ಮೆಟ್ಟಿಲ ಮೇಲಿಟ್ಟು ಹಾಗೇ ನಿಂತದ್ದನ್ನು ಇಂದಿಗೂ ಜನ ನೆನೆಯುತ್ತಾರೆ. ಮೇಡಂ ಮಾತ್ರ ಇಪ್ಪತ್ತೆಂಟು ವರ್ಷದಲ್ಲಿ ಒಂದು ದಿನವೂ ನಿಲ್ಲಲಿಲ್ಲ. ಮೊದಲ ಸೀಟಿ ಆದ ಮೇಲೆ ಇಡೀ ಮೈದಾನ ಕಲ್ಲಾಗಿ ನಿಂತಿರುವಾಗ ಅವರು ಕೊಡೆ ಬೀಸಿಕೊಂಡು ಅದರ ನಟ್ಟನಡುವೆ ನಡೆದು ಹೋಗುತ್ತಿದ್ದರು.

“ಮೇಡಂ, ಸೀಟಿ ಕೇಳಿಸ್ಲಿಲ್ವಾ?” ಎಂದು ಒಮ್ಮೆ ಕೇಳಿಯೇಬಿಟ್ಟೆ.

“ಕೇಳ್ತು ಮೇಷ್ಟ್ರೇ. ಬಸ್ಸಿನ ಕಂಡಕ್ಟರೂ ಊದ್ತಾನೆ. ಅವ್ನು ಊದಿದ್ರೆ ಬಸ್ಸು ಹೊರಡುತ್ತೆ, ನೀವು ಊದಿದ್ರೆ ಮಕ್ಳು ಕಂಬ ಆಗ್ತವೆ. ಯಾವ್ದು ಸರಿ ಅಂತ ನೀವಿಬ್ರೂ ಕೂತು ತೀರ್ಮಾನ ಮಾಡ್ಕೊಳ್ಳಿ. ಆಮೇಲೆ ನಾನು ನಿಲ್ತೇನೆ.”

ನಾನು “ಒನ್, ಟೂ, ತ್ರೀ, ಫೋರ್” ಎಂದು ಎಣಿಸುವುದೂ ಅವರಿಗೆ ಹಿಡಿಸುತ್ತಿರಲಿಲ್ಲ. “ಎಂತ ಮೇಷ್ಟ್ರೇ, ಕನ್ನಡದಲ್ಲಿ ಎಣಿಸಿದ್ರೆ ಮಕ್ಳ ಸೊಂಟ ಬಗ್ಗೂದಿಲ್ವಾ?”

“ಡ್ರಿಲ್‌ಗೆ ಲಯ ಬೇಕು ಮೇಡಂ. ಒಂದು, ಎರಡು ಅಂತ ಎಳೆದ್ರೆ ನಿಂತಲ್ಲೇ ನಿದ್ದೆ ಬರುತ್ತೆ.”

“ಲಯ ಬಾಯಲ್ಲಿರುತ್ತೆ ಮಾರಾಯ್ರೆ, ಅಂಕಿಯಲ್ಲಲ್ಲ.”

ಈ ಜಗಳ ತೀರ್ಮಾನವಾಗದೆ ನಾವಿಬ್ಬರೂ ಒಂದೇ ವರ್ಷ ನಿವೃತ್ತರಾದೆವು. ನಾನು ಶಾಲೆಯಿರುವ ಜಾವಳಿಯಲ್ಲೇ ಉಳಿದೆ. ಅವರು ಬಣಕಲ್‌ನಲ್ಲಿ ತಂಗಿಯ ಜೊತೆ ಇರಲು ಹೋದರು. ತಂಗಿಯದು ಹೆದ್ದಾರಿ ಬದಿಯಲ್ಲಿ ಅಂಗಡಿ: ಕೊಡೆ, ಕಂಬಳಿ, ಪ್ಲಾಸ್ಟಿಕ್ ಹೊದಿಕೆ, ನೋಟ್‌ಬುಕ್ಕು, ಜೊತೆಗೆ ಅರ್ಜಿ ಟೈಪು ಮಾಡಿಕೊಡಲು ಒಂದು ಕಂಪ್ಯೂಟರು. ಅಂಗಡಿಯ ಹಿಂದೆಯೇ ಮನೆ.

ಆ ಕಂಪ್ಯೂಟರನ್ನು ರಿಪೇರಿ ಮಾಡಲು ಬರುತ್ತಿದ್ದವನು ಮೇಡಂ ಅವರ ಹಳೆಯ ವಿದ್ಯಾರ್ಥಿ. ಈಗ ಅವನಿಗೇ ಇಬ್ಬರು ಮಕ್ಕಳು, ಮುಂದಲೆ ಬೋಳು. ಒಂದು ದಿನ ಅವನು, “ಮೇಡಂ, ಒಂದು ಆಟ ಉಂಟು. ಊರು ಕಟ್ಟೂದು, ಕಾಯೂದು. ಅದ್ರಲ್ಲಿ ಮ್ಯಾಪನ್ನ ಕಂಪ್ಯೂಟರೇ ಬರೆಯುತ್ತೆ,” ಎಂದನಂತೆ.

“ಸರಿಯಾಗಿ ಬರೆಯುತ್ತಾ?” ಎಂದು ಮೇಡಂ ಕೇಳಿದರಂತೆ.

ಮರುವಾರ ನನಗೆ ಫೋನು ಬಂತು. “ಮೇಷ್ಟ್ರೇ, ಬುಧವಾರ ಬನ್ನಿ. ನಿಮ್ಗೊಂದು ಲೋಕ ತೋರಿಸೂದುಂಟು.”

ಎರಡು ಗಂಟೆಯ ಬಸ್ಸು ಹಿಡಿದು ಹೋದೆ. ಪರದೆಯ ಮೇಲೆ ಮೇಲಿನಿಂದ ನೋಡಿದಂತೆ ಒಂದು ನಾಡು. ಗುಡ್ಡ, ಕಾಡು, ನದಿ, ಬಯಲು. ಹತ್ತು ಕುಟುಂಬ ಒಂದು ಗಾಡಿಯ ಸುತ್ತ ನಿಂತಿದ್ದವು. ಅವರಿಗೆ ಮನೆ ಕಟ್ಟಿಕೊಡಬೇಕು, ಗದ್ದೆ ಮಾಡಿಸಬೇಕು, ಕಣಜ ತುಂಬಿಸಬೇಕು. ಉತ್ತರದ ಗುಡ್ಡಗಳಲ್ಲಿ ಒಬ್ಬ ದೊರೆ ಇದ್ದಾನೆ. ಊರು ಬೆಳೆದದ್ದು ಕಂಡರೆ ದಂಡು ಕಟ್ಟಿಕೊಂಡು ಬರುತ್ತಾನೆ. ಅವನಿಂದ ಊರನ್ನು ಕಾಪಾಡಿ ನೂರು ಮಳೆಗಾಲ ದಾಟಿಸಿದರೆ ಗೆದ್ದಂತೆ. ಆಟದಲ್ಲಿ ಒಂದು ಮಳೆಗಾಲಕ್ಕೆ ಏಳೆಂಟು ನಿಮಿಷ.

ಮೇಡಂ ಅವರನ್ನು ಹಿಡಿದದ್ದು ಮಾತ್ರ ಇನ್ನೊಂದು ಸಂಗತಿ. ಆಟ ಶುರುವಾಗುವ ಮೊದಲು ಪರದೆಯ ಮೇಲೆ, ಅರ್ಜಿ ನಮೂನೆಯಲ್ಲಿರುವಂಥ ಒಂದು ಖಾಲಿ ಮನೆ ಬರುತ್ತದೆ. ಅದರಲ್ಲಿ ಏನು ಬೇಕಾದರೂ ತುಂಬಬಹುದು. ಅಂಕಿಯಾದರೂ ಸರಿ, ಅಕ್ಷರವಾದರೂ ಸರಿ. ತುಂಬಿದ್ದಕ್ಕೆ ಬೀಜ ಎಂದು ಹೆಸರು. ಆ ಬೀಜದಿಂದ ಕಂಪ್ಯೂಟರು ಒಂದು ನಾಡನ್ನು ಹುಟ್ಟಿಸುತ್ತದೆ. ಬೇರೆ ಬೀಜಕ್ಕೆ ಬೇರೆ ನಾಡು. ಅದೇ ಬೀಜವನ್ನು ಎಷ್ಟು ಸಲ ಹಾಕಿದರೂ ಅದೇ ನದಿ, ಅದೇ ತಿರುವು, ಅದೇ ಗುಡ್ಡ, ಅದೇ ಜಾಗದಲ್ಲಿ ಅದೇ ಕಲ್ಲುಗಣಿ.

“ಗೊತ್ತಾಯ್ತಾ ಮೇಷ್ಟ್ರೇ?” ಮೇಡಂ ಕಣ್ಣು ಹೊಳೆಯುತ್ತಿದ್ದವು. “ಊರು ಹಾಳಾದ್ರೂ ಬೀಜ ಇರುತ್ತೆ. ಹಾಕಿದ್ರೆ ಅದೇ ನೆಲ ಮತ್ತೆ ಮೊಳೆಯುತ್ತೆ. ನಮ್ಮ ಕಾಫಿ ಬೀಜಕ್ಕೂ ಇಷ್ಟು ನಿಯತ್ತಿಲ್ಲ. ನೆಲ ಅದೇ ಇರ್ಲಿ, ತಪ್ಪು ಮಾತ್ರ ಪ್ರತಿ ಸಲ ಹೊಸದು ಮಾಡುವ.”

ಸ್ಲೇಟು ಒರೆಸಿ ಮತ್ತೆ ಬರೆಯುವುದನ್ನು ಜೀವಮಾನವಿಡೀ ಕಲಿಸಿದವರಿಗೆ ಅವರದೇ ಮನಸ್ಸಿನ ಆಟ ಸಿಕ್ಕಿತ್ತು.

ಅಂದಿನಿಂದ ಬುಧವಾರ ಅವರ ಸರದಿ, ಶನಿವಾರ ನನ್ನದು. ಅವರಾಡುವಾಗ ನಾನು ಪಕ್ಕದಲ್ಲಿ ಕೂತು ನೋಡಬೇಕು, ನಾನಾಡುವಾಗ ಅವರು. ಎರಡು ಐವತ್ತಕ್ಕೆ ಬಣಕಲ್‌ನಲ್ಲಿ ಇಳಿದರೆ ಐದು ಮುಕ್ಕಾಲಿನ ಬಸ್ಸಿಗೆ ವಾಪಸು. ಬೀಜ ಹಾಕುವ ಕೆಲಸ ಮಾತ್ರ ಅವರದೇ. ನನ್ನ ಸರದಿಯ ದಿನವೂ ಅವರೇ ಹಾಕಿಟ್ಟಿರುತ್ತಿದ್ದರು. ನಾನು ಕಾಫಿ ಕುಡಿದು ಬರುವಷ್ಟರಲ್ಲಿ ನಾಡು ಎದ್ದು ನಿಂತಿರುತ್ತಿತ್ತು. ಒಂದೇ ಒಂದು ಸಲ ಆ ಖಾಲಿ ಮನೆಯನ್ನು ಕಂಡೆ. ಅದರಲ್ಲಿ ಅಂಕಿಯಿರಲಿಲ್ಲ, ನಾಲ್ಕು ಪುಟ್ಟ ಚೌಕಗಳಿದ್ದವು. ಬ್ಯಾಂಕಿನ ಗುಟ್ಟಿನ ಸಂಖ್ಯೆಯನ್ನು ಅಡಗಿಸುವಂತೆ ಇದನ್ನೂ ಅಡಗಿಸುತ್ತಾರೆ ಎಂದುಕೊಂಡೆ. ಕೇಳಲಿಲ್ಲ. ಕೇಳಬೇಕಿತ್ತು.

ನಾನು ಕಟ್ಟಿದ ಊರುಗಳೆಲ್ಲ ನೇರ ರಸ್ತೆ, ಸಾಲು ಮನೆ. “ಊರು ಕಟ್ಟಿದ್ದೀರೋ, ಪೆರೇಡಿಗೆ ನಿಲ್ಸಿದ್ದೀರೋ?” ಎಂದು ಮೇಡಂ ನಗುತ್ತಿದ್ದರು. ನಗುವಂತೆಯೇ ಆಗುತ್ತಿತ್ತು. ರಸ್ತೆ ಸರಿಪಡಿಸುವುದರಲ್ಲಿ ಬಿತ್ತನೆ ತಡವಾಗಿ ಮೂರನೇ ಮಳೆಗಾಲಕ್ಕೇ ನನ್ನ ಪ್ರಜೆಗಳು ಉಪವಾಸ. ಅವರ ಊರುಗಳು ನದಿಯ ಜೊತೆ ಬಾಗುತ್ತಿದ್ದವು, ಮತ್ತು ಬದುಕುತ್ತಿದ್ದವು. ಹತ್ತು ಬೀಜಗಳ ಹತ್ತು ಊರನ್ನು ಅವರು ನೂರು ಮಳೆಗಾಲ ದಾಟಿಸಿದರು. ಪ್ರತಿಯೊಂದನ್ನೂ ಬೀಜದ ಸಂಖ್ಯೆಯ ಸಮೇತ ಒಂದು ಉದ್ದದ ನೋಟ್‌ಬುಕ್ಕಿನಲ್ಲಿ ಬರೆದಿಟ್ಟರು.

ಅವರ ತಂಗಿ ಅಂಗಡಿಯಿಂದಲೇ ಕೂಗುತ್ತಿದ್ದರು. “ಎಂತ ಅಕ್ಕ, ಇವತ್ತೂ ಮೇಷ್ಟ್ರ ಊರಲ್ಲಿ ಅನ್ನ ಇಲ್ವಾ? ಪಾಪ, ಎರಡು ಬನ್ನು ಕೊಟ್ಟು ಕಳ್ಸು.”

ಹನ್ನೊಂದನೆಯದು ಬಗ್ಗಲಿಲ್ಲ.

ಅಂಗಡಿ ಮುಂದೆ ನಿಂತ ಬಸ್ಸೊಂದರ ಹಿಂಭಾಗದಲ್ಲಿ ಕನ್ನಡದಲ್ಲಿ ಬರೆದಿದ್ದ ನಂಬರನ್ನು ಅವರು ಅದಕ್ಕೆ ಬೀಜವಾಗಿ ಹಾಕಿದ್ದರು. ನಾಡು ಮೇಲೆದ್ದಾಗ ಕನ್ನಡಕ ಒರೆಸಿಕೊಂಡು ಪರದೆಯ ಹತ್ತಿರಕ್ಕೆ ಬಗ್ಗಿದರು. “ನದಿ ನೋಡಿ ಮೇಷ್ಟ್ರೇ. ಕಳಸದ ಹತ್ರ ಭದ್ರೆ ತಿರುಗಿದ ಹಾಗೇ ತಿರುಗ್ತಾಳೆ.” ಅವರು ಹುಟ್ಟಿದ್ದು ಕಳಸದಲ್ಲಿ, ಪೇಟೆಯ ವ್ಯಾಪಾರಸ್ಥರ ಮನೆಯಲ್ಲಿ. ಆ ಊರಿನ ಮೇಲೆ ಅವರಿಗೆ ಒಂದು ಪಕ್ಷಪಾತ ಹುಟ್ಟಿತು.

ಅಲ್ಲಿಯ ತೊಡಕು ಇಷ್ಟೇ. ಒಳ್ಳೆಯ ಗದ್ದೆ ನೆಲ ನದಿಯ ಈ ದಡದಲ್ಲಿ, ಕೋಟೆ ಕಟ್ಟುವ ಕಲ್ಲು ಆ ದಡದಲ್ಲಿ. ಕಲ್ಲು ತರಲು ಸೇತುವೆ ಕಟ್ಟಬೇಕು. ಕಟ್ಟಿದರೆ ಅರವತ್ತನೇ ಮಳೆಗಾಲದ ಹೊತ್ತಿಗೆ ಉತ್ತರದ ದೊರೆ ಅದೇ ಸೇತುವೆಯ ಮೇಲೆ ನಡೆದು ಬಂದು ಊರಿಗೆ ಬೆಂಕಿ ಇಡುತ್ತಾನೆ. ಕೋಟೆಯನ್ನು ಎತ್ತರಿಸಿ ನೋಡಿದರು, ಕಾವಲು ಹೆಚ್ಚಿಸಿ ನೋಡಿದರು, ಕೊನೇ ಗಳಿಗೆಯಲ್ಲಿ ಸೇತುವೆ ಮುರಿದು ನೋಡಿದರು. ಒಂಬತ್ತು ಸಲ ಸೋತರು. ಪ್ರತಿ ಸಲವೂ ಬೂದಿಯನ್ನು ನೋಡಿ, ಗಾಳಿಯಲ್ಲಿ ಅಂಗೈ ಒರೆಸಿ, “ಅಳ್ಸಿ,” ಎಂದು ತಮಗೆ ತಾವೇ ಹೇಳಿಕೊಂಡು, ನಾನು ಹೊರಟ ಮೇಲೆ ಮತ್ತೆ ಅದೇ ಬೀಜ ಹಾಕುತ್ತಿದ್ದರು.

ಏಳನೇ ಸೋಲಿನ ದಿನ ನಾನು ಸ್ವಲ್ಪ ಹೆಚ್ಚೇ ನಕ್ಕೆ. ಅವರು ಕುರ್ಚಿ ತಿರುಗಿಸಿದರು.

“ಪಂಥ ಕಟ್ತೀರಾ?”

“ಎಂತದು ಪಂಥ?”

“ಈ ಊರು ನನ್ನಿಂದ ನೂರು ಮಳೆಗಾಲ ದಾಟಿದ್ರೆ ನಿಮ್ಮ ಕೊರಳಿನ ಆ ಸೀಟಿ ನಂದು.”

“ದಾಟದಿದ್ರೆ?”

“ದಿನಾ ಬೆಳಿಗ್ಗೆ ಆರಕ್ಕೆ ಈ ಜಗಲಿಯಲ್ಲಿ ನಿಮ್ಮ ಡ್ರಿಲ್ ಮಾಡ್ತೇನೆ. ಒನ್ ಟೂ ತ್ರೀ ಅಂತ ನೀವು ಇಂಗ್ಲಿಷಿನಲ್ಲೇ ಎಣಿಸಿ.”

ಕೈ ಕುಲುಕಿದೆವು. ಸೀಟಿ ಕೊಡಬೇಕಾದೀತು ಎಂದು ನನಗೆ ಒಂದು ಕ್ಷಣವೂ ಅನಿಸಿರಲಿಲ್ಲ.

ಒಂಬತ್ತನೇ ಸೋಲಾದ ವಾರ, ಕಾಫಿ ಹೂ ಅರಳಿಸುವ ಹೂಮಳೆಯ ಜೊತೆ ಬಂದ ಸಿಡಿಲು ಅಂಗಡಿಯ ಕಂಪ್ಯೂಟರನ್ನು ಸುಟ್ಟಿತು. ರಿಪೇರಿಯವನು ಬಂದು ಬಿಚ್ಚಿ, ಮೂಗು ಮುಚ್ಚಿಕೊಂಡು, “ಒಳಗಿದ್ದದ್ದು ಒಂದೂ ಉಳಿದಿಲ್ಲ ಮೇಡಂ. ನಿಮ್ಮ ಹನ್ನೊಂದು ಊರೂ ಹೋಯ್ತು,” ಎಂದ.

ಮೇಡಂ ನೋಟ್‌ಬುಕ್ಕನ್ನು ಎತ್ತಿ ತೋರಿಸಿದರು. “ಬೀಜ ಇಲ್ಲುಂಟಲ್ಲ ಮಾರಾಯ. ಊರು ಎಲ್ಲಿಗೆ ಹೋಗುತ್ತೆ?”

ತಂಗಿ ಹೊಸ ಕಂಪ್ಯೂಟರು ತರಿಸಿದರು. ಅವನು ಅದೇ ಆಟವನ್ನು ಹಾಕಿಕೊಟ್ಟ. ಅಂದು ಸೋಮವಾರ. ಸಂಜೆ ನನಗೆ ಫೋನು ಬಂತು.

“ಗೊತ್ತಾಯ್ತು ಮೇಷ್ಟ್ರೇ!”

“ಎಂತ ಗೊತ್ತಾಯ್ತು?”

“ಹನ್ನೊಂದನೇ ಊರು ಉಳಿಸೂದು ಹೇಗೆ ಅಂತ. ಫೋನಲ್ಲಿ ಹೇಳೂದಿಲ್ಲ. ಬುಧವಾರ ಬನ್ನಿ. ಬರುವಾಗ ಸೀಟಿ ತೊಳ್ದು ತನ್ನಿ.”

ಮಂಗಳವಾರ ಬೆಳಿಗ್ಗೆ ಅವರಿಗೆ ಲಕ್ವ ಹೊಡೆಯಿತು. ಬಲಗೈ, ಬಲಗಾಲು, ಜೊತೆಗೆ ಮಾತು.

ತಂಗಿ ಅವರನ್ನು ಕಾರಿನಲ್ಲಿ ಮಲಗಿಸಿಕೊಂಡು ಘಾಟಿ ಇಳಿದು ಮಂಗಳೂರಿನ ಆಸ್ಪತ್ರೆಗೆ ಸೇರಿಸಿದರು. ಐದು ವಾರದ ಮೇಲೆ ಮನೆಗೆ ಕರೆತಂದರು. ಜೀವ ಉಳಿದಿತ್ತು. ಬಾಯಿ ಒಂದು ಕಡೆಗೆ ಜಾರಿತ್ತು. ಹೇಳಿದ್ದೆಲ್ಲ ಅರ್ಥವಾಗುತ್ತಿತ್ತು, ಆದರೆ ತಾವು ಹೇಳಹೊರಟರೆ ಬರೀ ಗಾಳಿ ಬರುತ್ತಿತ್ತು. ಎಡಗೈಗೆ ಪೆನ್ನು ಕೊಟ್ಟರೆ ಗೀರು ಮಾತ್ರ. ವ್ಯಾಯಾಮ ಮಾಡಿಸಿ, ಇಷ್ಟದ್ದರಲ್ಲಿ ತೊಡಗಿಸಿ, ಎಲ್ಲ ವಾಪಸು ಬರಬಹುದು ಎಂದು ವೈದ್ಯರು ಹೇಳಿದ್ದರು. ಅವರು ವ್ಯಾಯಾಮವನ್ನೂ ಮಾಡಲಿಲ್ಲ, ಯಾವುದರಲ್ಲೂ ತೊಡಗಲಿಲ್ಲ. ಗೋಡೆ ನೋಡುತ್ತಾ ಮಲಗಿದರು.

ತಂಗಿ ನೋಟ್‌ಬುಕ್ಕನ್ನು ನನ್ನ ಕೈಗಿತ್ತರು. ಯಾವಾಗಲೂ ಚೇಷ್ಟೆ ಮಾಡುತ್ತಿದ್ದ ಹೆಂಗಸು ಅಂದು ನನ್ನ ಮುಖ ನೋಡಲಿಲ್ಲ. “ಆ ಊರನ್ನ ಒಂದು ಸಲ ಅವಳ ಕಣ್ಣಿಗೆ ತೋರ್ಸಿ ಮೇಷ್ಟ್ರೇ. ಅದಕ್ಕಾದ್ರೂ ಎದ್ದು ಕೂರ್ತಾಳೇನೋ.”

ಹನ್ನೊಂದನೇ ಪುಟ ತೆರೆದೆ. ಮೇಲೆ ಬೀಜ: ೬೯೩೬. ಕೆಳಗೆ ಒಂಬತ್ತು ಸೋಲುಗಳ ವಿವರ. ಎಲ್ಲಕ್ಕಿಂತ ಕೆಳಗೆ, ಸೋಮವಾರ ಬರೆದದ್ದು: “ಹತ್ತನೇ ಸಲ. ಗೊತ್ತಾಯಿತು.” ಏನು ಗೊತ್ತಾಯಿತು ಎಂದು ಬರೆದಿರಲಿಲ್ಲ. ಅದು ಅವರ ತಲೆಯೊಳಗೆ ಇತ್ತು, ಬಾಗಿಲು ಹಾಕಿತ್ತು.

ಕಂಪ್ಯೂಟರನ್ನು ಅವರ ಮಂಚದ ಪಕ್ಕಕ್ಕೆ ತರಿಸಿದೆ. ಖಾಲಿ ಮನೆಯಲ್ಲಿ 6936 ಎಂದು ಒತ್ತಿದೆ. ನಾಡು ಎದ್ದಿತು. ಎಲ್ಲೆಲ್ಲೂ ಮರಳು, ನಡುವೆ ಒಂದು ಉಪ್ಪಿನ ಕೆರೆ. ಮೇಡಂ ಒಂದು ಸಲ ನೋಡಿ ಗೋಡೆಗೆ ತಿರುಗಿದರು.

ರಿಪೇರಿಯವನನ್ನು ಕರೆಸಿದೆ. “ಆಟ ಹಳೇದೇ ಸಾರ್, ಒಂದು ಚೂರೂ ಬದಲಿಲ್ಲ. ನಂಬರೇ ತಪ್ಪಿರ್ಬೇಕು,” ಎಂದ. ಪುಟಕ್ಕೆ ಸ್ವಲ್ಪ ಥಂಡಿ ಹಿಡಿದು ಶಾಯಿ ಹರಡಿತ್ತು. ಕನ್ನಡದ ಮೂರು, ಆರು, ಒಂಬತ್ತು ಒದ್ದೆಯಾದರೆ ಅಣ್ಣತಮ್ಮಂದಿರ ಹಾಗೆ ಕಾಣುತ್ತವೆ. ಎರಡು ಅಂಕಿಗಳ ಮೇಲೆ ನನಗೆ ಅನುಮಾನ. ಒಂದೊಂದೂ ಮೂರಿರಬಹುದು, ಆರಿರಬಹುದು, ಒಂಬತ್ತಿರಬಹುದು. ಹಾಗಾದರೆ ಒಟ್ಟು ಒಂಬತ್ತು ಸಾಧ್ಯತೆ. ಪಟ್ಟಿ ಮಾಡಿದೆ, ಗೆರೆ ಎಳೆದೆ, ಒಂದೊಂದಾಗಿ ಹಾಕಿದೆ. ಹಿಮ ಮುಚ್ಚಿದ ನಾಡು ಬಂತು. ಬರೀ ದ್ವೀಪಗಳು ಬಂದವು. ಎರಡು ನದಿಗಳ ನಾಡೊಂದು ಬಂತು, ಆದರೆ ಎರಡೂ ಕೋಲಿನಂತೆ ನೇರ. ಮೂರು ದಿನದಲ್ಲಿ ಒಂಬತ್ತು ಲೋಕ ನೋಡಿ ಮುಗಿಸಿದೆ. ಮೇಡಂ ಅವರದು ಅದರಲ್ಲಿರಲಿಲ್ಲ. ಕೊನೆಯ ಲೋಕಕ್ಕೆ ಅವರು ತಲೆಯನ್ನೂ ತಿರುಗಿಸಲಿಲ್ಲ.

ಗೊತ್ತಿಲ್ಲದ ಕೆಲಸ ಕೈಕೊಟ್ಟಾಗ ಗೊತ್ತಿರುವ ಕೆಲಸ ಮಾಡಬೇಕು. ನಾನು ಡ್ರಿಲ್ ಮೇಷ್ಟ್ರು. ಮರುದಿನ ಹೋದವನು ಕಂಪ್ಯೂಟರಿನ ಕಡೆ ನೋಡದೆ ಅವರ ಮಂಚದ ಪಕ್ಕ ನಿಂತೆ.

“ಮೇಡಂ, ಎಡಗೈ ಮೇಲಕ್ಕೆ. ರೆಡಿ. ಒನ್!”

ಅವರು ಕದಲಲಿಲ್ಲ.

“ಒನ್!”

ಕಣ್ಣು ನನ್ನ ಕಡೆ ತಿರುಗಿತು. ಆ ನೋಟವನ್ನು ನಾನು ಬಲ್ಲೆ. ಇಪ್ಪತ್ತೆಂಟು ವರ್ಷ ಮೈದಾನದ ಆಚೆ ಬದಿಯಿಂದ ನನ್ನ ಮೇಲೆ ಬಿದ್ದಿದ್ದ ನೋಟ.

“ಒಂದು,” ಎಂದೆ.

ಕೈ ಎದ್ದಿತು.

“ಎರಡು.”

ಇಳಿಯಿತು.

“ಒನ್,” ಎಂದೆ, ಪರೀಕ್ಷೆಗೆ. ಕೈ ಹಾಸಿಗೆಯ ಮೇಲೆ ಹಾಗೇ ಬಿದ್ದಿತ್ತು. ಬಾಗಿಲಲ್ಲಿದ್ದ ತಂಗಿ ನಗುವಿಗೂ ಅಳುವಿಗೂ ನಡುವೆ ಸಿಕ್ಕಿ ಸೆರಗನ್ನು ಬಾಯಿಗೆ ಒತ್ತಿಕೊಂಡರು. “ನೋಡಿ ಇವಳ ಹಟ! ಸಾಯ್ಲಿಕ್ಕೆ ಬಿದ್ದಿದ್ರೂ ಇಂಗ್ಲಿಷಿಗೆ ಕೈ ಎತ್ತೂದಿಲ್ಲ.”

ಆ ಮಾತು ಕಿವಿಗೆ ಬಿದ್ದದ್ದೇ ನಾನು ನಿಂತಲ್ಲೇ ಸಾವಧಾನ್ ಆದೆ. ನಾಲ್ಕು ಪುಟ್ಟ ಚೌಕಗಳು ಕಣ್ಣ ಮುಂದೆ ಬಂದವು. ಅದು ಗುಟ್ಟು ಅಡಗಿಸಿದ್ದಲ್ಲ. ಈ ಹೆಂಗಸು ಜೀವಮಾನದಲ್ಲಿ ಇಂಗ್ಲಿಷ್ ಅಂಕಿ ಬರೆದವರಲ್ಲ, ಕಂಪ್ಯೂಟರಿಗೆ ಮಾತ್ರ ಬರೆದಾರೆಯೇ? ಕನ್ನಡ ಅಂಕಿಯನ್ನೇ ಒತ್ತಿದ್ದಾರೆ. ಆಟಕ್ಕೆ ಆ ಅಂಕಿಗಳ ಆಕಾರ ಗೊತ್ತಿಲ್ಲ, ಆದ್ದರಿಂದ ಪರದೆಯ ಮೇಲೆ ಚೌಕ ತೋರಿಸಿದೆ. ಆದರೆ ಒಳಗೆ ಅದನ್ನು ಬೇರೆಯೇ ಬೀಜವೆಂದು ತೆಗೆದುಕೊಂಡಿದೆ. ನಮಗೆ ೬ ಮತ್ತು 6 ಒಂದೇ ಆರು. ಬೀಜವಾಗಿ ಅವು ಎರಡು ಜಾತಿ.

“ಈ ಕೀಲಿಮಣೆ ಕನ್ನಡಕ್ಕೆ ಹಾಕೂದು ಹೇಗಮ್ಮ?” ಎಂದೆ.

ಅರ್ಜಿ ಟೈಪು ಮಾಡಿ ಪಳಗಿದ ತಂಗಿ ಬಂದು ಎರಡು ಗುಂಡಿ ಒತ್ತಿದರು. ನಾನು ಆರು, ಒಂಬತ್ತು, ಮೂರು, ಆರು ಒತ್ತಿದೆ. ಚೌಕ, ಚೌಕ, ಚೌಕ, ಚೌಕ.

ಪರದೆ ಕಪ್ಪಾಯಿತು. ಆಮೇಲೆ ನಿಧಾನವಾಗಿ ಹಸಿರು ಮೂಡಿತು. ಗುಡ್ಡ ಎದ್ದಿತು. ಎರಡು ಗುಡ್ಡಗಳ ನಡುವಿಂದ ನದಿ ಇಳಿದು ಬಂದು, ಒಮ್ಮೆ ತಿರುಗಿ, ಮತ್ತೆ ತಿರುಗಿತು.

ಮಂಚದ ಮೇಲೆ ಸದ್ದಾಯಿತು. ಮೇಡಂ ಎಡ ಮೊಣಕೈ ಊರಿ ತಾವಾಗಿಯೇ ಏಳುತ್ತಿದ್ದರು. ತಂಗಿ ಓಡಿ ಬೆನ್ನಿಗೆ ದಿಂಬು ಕೊಟ್ಟರು. ಮೇಡಂ ಎಡಗೈ ಚಾಚಿ, ಬೆರಳನ್ನು ಪರದೆಗೆ ಒತ್ತಿ, ನದಿಯ ಉದ್ದಕ್ಕೂ ಮೇಲಿಂದ ಕೆಳಗೆ ಒಂದು ಸಲ ಎಳೆದರು. ಕಪ್ಪು ಹಲಗೆಯ ಮೇಲೆ ಎಳೆಯುತ್ತಿದ್ದಂತೆಯೇ.

ಆಟ ಶುರುವಾಯಿತು. ಬೆರಳು ಅವರದು, ಗುಂಡಿ ಒತ್ತುವ ಕೈ ನನ್ನದು. ಅವರು ತೋರಿಸಿದಲ್ಲಿ ಮನೆ, ತೋರಿಸಿದಲ್ಲಿ ಗದ್ದೆ. ನಾನು ಎಲ್ಲಾದರೂ ರಸ್ತೆಯನ್ನು ನೇರ ಮಾಡಹೋದರೆ ಬೆರಳು ಪರದೆಯನ್ನು ಟಕಟಕನೆ ಕುಟ್ಟುತ್ತಿತ್ತು. ಬುಧವಾರ, ಶನಿವಾರ ಎಂಬ ನಿಯಮ ಬಿಟ್ಟು ದಿನಾ ಹೋದೆ. ಮೊದಲು ಅರ್ಧ ಗಂಟೆ ವ್ಯಾಯಾಮ, ಒಂದು, ಎರಡು, ಮೂರು, ನಾಲ್ಕು. ಆಮೇಲೆ ಊರು.

ಹದಿನೈದನೇ ಮಳೆಗಾಲಕ್ಕೆ ಕಲ್ಲು ಬೇಕಾಯಿತು. ಹಿಂದಿನ ಒಂಬತ್ತು ಸಲವೂ ಅಲ್ಲಿ ಸೇತುವೆ ಕಟ್ಟಿದ್ದರು. ಅವರು ತೋರಿಸುವವರೆಗೆ ಕಾಯದೆ ನಾನು ನದಿಯ ಎರಡನೇ ತಿರುವಿನಲ್ಲಿ ಸೇತುವೆಯ ಗುರುತು ಹಾಕಿದೆ. ಬೆರಳು ಟಕಟಕ ಎಂದಿತು. ಜಾಗ ಸರಿಯಿಲ್ಲವೇನೋ ಎಂದು ಸ್ವಲ್ಪ ಕೆಳಗೆ ಹಾಕಿದೆ. ಮತ್ತೆ ಟಕಟಕ. ಇನ್ನೂ ಕೆಳಗೆ ಹಾಕಿದೆ. ಅವರ ಮುಖ ಕೆಂಪಾಯಿತು. ಎಡಗೈ ಮೇಲೆದ್ದು ಗಾಳಿಯಲ್ಲಿ ಅಡ್ಡಕ್ಕೆ ಬೀಸಿತು. ಜಾರಿದ ಬಾಯಿ ತೆರೆಯಿತು, ಮುಚ್ಚಿತು, ತೆರೆಯಿತು.

“ಅ… ಅಳ್… ಅಳ್ಸಿ!”

ಅಂಗಡಿಯಲ್ಲಿ ಗಿರಾಕಿಗೆ ಕೊಡೆ ಬಿಚ್ಚಿ ತೋರಿಸುತ್ತಿದ್ದ ತಂಗಿ ಬಿಚ್ಚಿದ ಕೊಡೆ ಹಿಡಿದುಕೊಂಡೇ ಒಳಗೆ ಓಡಿ ಬಂದರು. “ಯಾರು ಮಾತಾಡಿದ್ದು? ಮೇಷ್ಟ್ರೇ, ಯಾರು ಮಾತಾಡಿದ್ದು?”

“ನಿಮ್ಮಕ್ಕ,” ಎಂದೆ. “ನನಗೆ ಬೈದ್ರು.”

ಅಳಿಸಿದೆ. ಸೇತುವೆಯ ಗುರುತು ಹೋಯಿತು. ಮೇಡಂ ಬೆರಳು, ನಮ್ಮ ದಡದಲ್ಲಿ ಮೀನು ಹಿಡಿಯಲು ಕಟ್ಟಿದ್ದ ಪುಟ್ಟ ದೋಣಿಯ ಮೇಲೆ ನಿಂತಿತು. ಆಗ ನನಗೂ ಗೊತ್ತಾಯಿತು. ಒಂಬತ್ತು ಸಲವೂ ಸೇತುವೆಯನ್ನು ಎಲ್ಲಿ ಕಟ್ಟಬೇಕು, ಹೇಗೆ ಕಾಯಬೇಕು, ಯಾವಾಗ ಮುರಿಯಬೇಕು ಎಂದೇ ಯೋಚಿಸಿದ್ದೆವು. ಸೇತುವೆಯೇ ಬೇಡ ಎಂದು ಯೋಚಿಸಿರಲಿಲ್ಲ. ದೋಣಿಯಲ್ಲಿ ಒಂದು ಸಲಕ್ಕೆ ಎರಡೇ ಕಲ್ಲು ಬರುತ್ತವೆ. ಬರಲಿ. ನೂರು ಮಳೆಗಾಲ ಇದೆಯಲ್ಲ. ಈ ಒಂದು ಮಾತನ್ನು ಅವರು ಎರಡು ತಿಂಗಳು ಹೇಳಲಾಗದೆ ಎದೆಯೊಳಗೆ ಇಟ್ಟುಕೊಂಡು ಗೋಡೆ ನೋಡುತ್ತಾ ಮಲಗಿದ್ದರು.

ಅರವತ್ತನೇ ಮಳೆಗಾಲಕ್ಕೆ ಉತ್ತರದ ದೊರೆ ಬಂದ. ಆ ದಡದಲ್ಲಿ ದಂಡು ಸಾಲುಗಟ್ಟಿ ನಿಂತಿತು. ತಂಗಿ ಅಂಗಡಿಯನ್ನು ಅರ್ಧ ಮುಚ್ಚಿ ನಮ್ಮ ಹಿಂದೆ ಬಂದು ನಿಂತಿದ್ದರು. ದಂಡು ನದಿಯ ಉದ್ದಕ್ಕೂ ಮೇಲೆ ಹೋಯಿತು, ಕೆಳಗೆ ಬಂತು, ಮತ್ತೆ ಮೇಲೆ ಹೋಯಿತು. ಸೇತುವೆ ಇಲ್ಲ. ದೋಣಿಗಳೆಲ್ಲ ನಮ್ಮ ದಡದಲ್ಲಿ ಕಟ್ಟಿಹಾಕಿವೆ. ಮಳೆಗೆ ನದಿ ತುಂಬಿತು. ದಂಡು ಹಿಂದಕ್ಕೆ ತಿರುಗಿತು.

“ಹೋದ್ನಾ?” ಎಂದು ತಂಗಿ ಪಿಸುಗುಟ್ಟಿದರು.

“ಹೋ… ದ,” ಎಂದರು ಮೇಡಂ. ಅವರ ಎರಡನೇ ಮಾತು.

ನೂರನೇ ಮಳೆಗಾಲ ಮುಗಿದದ್ದು ಒಂದು ಗುರುವಾರ, ಸಂಜೆ ಐದು ನಲವತ್ತಕ್ಕೆ. ಪರದೆಯ ಮೇಲೆ ಊರಿನ ತುಂಬ ದೀಪ ಹತ್ತಿ ಬಾವುಟ ಹಾರಿತು. ಹೊರಗೆ ನನ್ನ ಐದು ಮುಕ್ಕಾಲಿನ ಬಸ್ಸು ಬಂತು, ಹೊರಟಿತು. ಜೀವಮಾನದಲ್ಲಿ ನಾನು ಬೇಕೆಂದೇ ತಪ್ಪಿಸಿಕೊಂಡ ಬಸ್ಸು ಅದೊಂದೇ.

ಮೇಡಂ ಎಡ ಅಂಗೈಯನ್ನು ನನ್ನ ಮುಂದೆ ಚಾಚಿದರು.

“ಒಂದು ನಿಮಿಷ,” ಎಂದೆ. “ಗುಂಡಿ ಒತ್ತಿದ್ದೆಲ್ಲ ನಾನು. ಪಂಥದಲ್ಲಿ ‘ನನ್ನಿಂದ’ ಅಂತ ಇತ್ತು.”

ತಂಗಿ ತೀರ್ಪು ಕೊಟ್ಟರು. “ಕೈ ನಿಮ್ದು, ತಲೆ ಅವಳ್ದು. ಕೈ ಯಾರ್ದಾದ್ರೂ ಸಿಗುತ್ತೆ. ಸುಮ್ನೆ ಸೀಟಿ ಕೊಡಿ ಮಾರಾಯ್ರೆ.”

ಕೊರಳಿಂದ ತೆಗೆದೆ. ತೊಳೆದು ಒರೆಸಿ ಅವರ ಕೈಗಿಟ್ಟೆ. ಅವರು ತುಟಿಗಿಟ್ಟು ಊದಿದರು. ಜಾರಿದ ತುಟಿಯ ಸಂದಿಯಿಂದ ಗಾಳಿ ಸೋರಿ ಹೋಯಿತು. ‘ಫುಸ್’ ಎಂದಿತು, ಅಷ್ಟೇ. ಮತ್ತೆ ಊದಿದರು. ಫುಸ್. ನಾನು ಬೇರೆ ಕಡೆ ನೋಡಿದೆ. ಅವರು ಗಾಳಿಯಲ್ಲಿ ಅಂಗೈ ಒರೆಸಿ ಮೂರನೇ ಸಲ ಊದಿದರು.

ಅವರು ಆ ಮೇಲೆ ಎರಡು ವರ್ಷ ಬದುಕಿದರು. ಕೋಲು ಹಿಡಿದು ನಡೆದರು, ಮುರುಕು ಮಾತಿನಲ್ಲೇ ನನ್ನನ್ನು ಗೇಲಿ ಮಾಡಿದರು, ಎಡಗೈಯಲ್ಲಿ ಅಂಕಿ ಬರೆಯಲು ಕಲಿತರು. ಬರೆದದ್ದು ಯಾವ ಅಂಕಿ ಎಂದು ಹೇಳಬೇಕಿಲ್ಲ. ನೋಟ್‌ಬುಕ್ಕು ಈಗ ನನ್ನಲ್ಲಿದೆ. ಆದರೆ ನಾನು ಹೇಳಬೇಕೆಂದು ಕೂತದ್ದು ಸೀಟಿ ಕೊಟ್ಟು ಐದು ವಾರವಾದ ಮೇಲಿನ ಒಂದು ಬುಧವಾರದ ವಿಷಯ.

ಎಂದಿನಂತೆ ಎರಡು ಐವತ್ತಕ್ಕೆ ಬಣಕಲ್‌ನಲ್ಲಿ ಇಳಿದೆ. ಅಂಗಡಿ ರಸ್ತೆಯ ಆಚೆ ಬದಿ. ಬಲಕ್ಕೆ ನೋಡಿದೆ, ಎಡಕ್ಕೆ ನೋಡಿದೆ, ರಸ್ತೆಗೆ ಕಾಲಿಟ್ಟೆ. ಅರ್ಧ ದಾಟಿದ್ದೆ. ಆಗ ಅಂಗಡಿಯ ಜಗಲಿಯಿಂದ ನನ್ನ ಹಿತ್ತಾಳೆ ಸೀಟಿ ಕೂಗಿತು. ಉದ್ದಕ್ಕೆ, ತುಂಬು ಗಾಳಿಯಲ್ಲಿ, ಒಂದು ಚೂರೂ ಸೋರದೆ.

ಹಿಮ್ಮಡಿ ತಾವೇ ಸೇರಿದವು. ಕೈ ತೊಡೆಗೆ ಅಂಟಿತು. ನಾನು ಹೆದ್ದಾರಿಯ ನಟ್ಟನಡುವೆ ಸಾವಧಾನ್‌ನಲ್ಲಿ ನಿಂತೆ. ಕಾಫಿ ಮೂಟೆ ಹೊತ್ತ ಲಾರಿಯೊಂದು ಬಂದು ಎದುರಿಗೆ ನಿಂತು ಹಾರ್ನ್ ಬಾರಿಸಿತು. ಅದರ ಹಿಂದೆ ಒಂದು ಜೀಪು, ಅದರ ಹಿಂದೆ ಬಸ್ಸು. “ಏಯ್ ಅಜ್ಜ, ಎಂತ ಆಯ್ತು ಮಾರಾಯ್ರೆ?” ಎಂದು ಲಾರಿಯವನು ತಲೆ ಹೊರಗೆ ಹಾಕಿ ಕೂಗಿದ. ಜಗಲಿಯಲ್ಲಿ ತಂಗಿ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಕುರ್ಚಿಯಲ್ಲಿ ಮೇಡಂ, ಪಕ್ಕದಲ್ಲಿ ಒರಗಿಸಿದ ಕೊಡೆ, ತುಟಿಯಲ್ಲಿ ಸೀಟಿ. ಅವರಿಗೆ ಅವಸರವಿರಲಿಲ್ಲ. ನನ್ನನ್ನು ಮೇಲಿಂದ ಕೆಳಗೆ ನಿಧಾನವಾಗಿ ನೋಡುತ್ತಿದ್ದರು.

ಎರಡನೇ ಸೀಟಿ ಆಗುವವರೆಗೆ ನಾನು ಅಲ್ಲಿಂದ ಕದಲಲಿಲ್ಲ.